ಲೋರೈಡರ್ ಕಾರನ್ನ ನೋಡೋದು ಹೇಗೆ: ಅವಸರ ಇಲ್ದೋರಿಗೆ ಒಂದು ಗೈಡು

ಲೋರೈಡರ್ ಅಂದ್ರೆ ನೆಲಕ್ಕೆ ತಾಗೋ ಹಾಗೆ ತಗ್ಗಿಸಿ ಸಿಂಗರಿಸಿದ ಕಾರು, ಅಮೆರಿಕಾದ ಮೆಕ್ಸಿಕನ್ ಮೂಲದವರು ಬೆಳೆಸಿದ್ದು. ಮೊದಲು ರೀಲ್ಸಲ್ಲಿ ನೋಡಿದ್ದನ್ನೆಲ್ಲ ಸ್ವಲ್ಪ ಪಕ್ಕಕ್ಕಿಡಿ. ಅದ್ರಲ್ಲಿ ಕಾಣೋದು ಕಾರು ಮುಂದಿನ ಚಕ್ರ ಎತ್ತಿ ಎತ್ತಿ ಕುಪ್ಪಳಿಸೋದು, ಹಿಂದೆ ಜೋರಾಗಿ ಹಿಪ್ ಹಾಪು, ಅರ್ಧ ನಿಮಿಷಕ್ಕೆ ಖಲಾಸ್. ನಿಜವಾಗ್ಲೂ ಕ್ರೂಸಿಂಗ್ (ಕಾರಲ್ಲಿ ಮೆಲ್ಲಗೆ ಸುತ್ತು ಹಾಕೋದು) ನಡೆಯೋ ರಸ್ತೆ ಪಕ್ಕ ಹೋಗಿ ನಿಂತ್ರೆ ಕಥೆನೇ ಬೇರೆ, ಅಲ್ಲಿ ಮುಕ್ಕಾಲುವಾಸಿ ಕಾರುಗಳು ಕುಪ್ಪಳಿಸೋದೇ ಇಲ್ಲ, ತೇರು ಬಂದಂಗೆ ಬರ್ತವೆ, ಕಿಟಕಿ ಇಳಿಸಿರ್ತಾರೆ, ಮುಂದೆ ಅಜ್ಜ ಸ್ಟೇರಿಂಗ್ ಹಿಡ್ಕೊಂಡು ಕೂತಿರ್ತಾನೆ, ಹಿಂದೆ ಮೊಮ್ಮಕ್ಕಳು, ಸ್ಪೀಕರಿಂದ 60ರ ದಶಕದ ಯಾವ್ದೋ ಪ್ರೇಮದ ಹಾಡು. ಹಿಂದೆ ಇರೋ ಗಾಡಿಯವನಿಗೆ ತಡ ಆಗ್ತಿದ್ಯಾ? ಆಗ್ಲಿ ಬಿಡಿ. ಸ್ಪೀಡಿಗೆ ಅಂತ ಮಾಡಿದ ಕಾರೇ ಅಲ್ಲ ಇದು. "ಬಹೀತೊ ಇ ಸ್ವಾವೆಸೀತೊ" ಅಂತಾರೆ ಅಲ್ಲಿ ಸ್ಪ್ಯಾನಿಶಲ್ಲಿ, ತಗ್ಗಾಗಿ, ಮೆತ್ತಗೆ. ಈ ನಿಧಾನ ಎಲ್ಲಿಂದ ಬಂತು ಅಂತ ತಿಳ್ಕೊಂಡು ನೋಡಿದ್ರೆ ಮಾತ್ರ ಕಾರು ಪೂರ್ತಿ ಕಾಣತ್ತೆ, ಇಲ್ಲಾಂದ್ರೆ ಬಣ್ಣ ಮಾತ್ರ ಕಾಣೋದು.

ಹೋಗೋಕೆ ಮುಂಚೆ ಇಷ್ಟಾದ್ರೂ ಗೊತ್ತಿರ್ಲಿ

ಎರಡನೇ ಮಹಾಯುದ್ಧ ಮುಗಿದ ಮೇಲೆ ಲಾಸ್ ಏಂಜಲೀಸಿನ ಮೆಕ್ಸಿಕನ್ ಅಮೆರಿಕನ್ ಹುಡುಗರು ಮಿಲಿಟರಿಯಿಂದ ವಾಪಸ್ ಬಂದ್ರು, ಕೈಯಲ್ಲಿ ಸ್ವಲ್ಪ ದುಡ್ಡಿತ್ತು, ಕೆಲವ್ರಿಗೆ ಅಲ್ಲೇ ಕಲ್ತ ಮೆಕ್ಯಾನಿಕ್ ಕೆಲಸನೂ ಇತ್ತು. ಹೊಸ ಕಾರು ಕೈಗೆಟುಕ್ತಿರ್ಲಿಲ್ಲ, ಅದಕ್ಕೆ 30ರ, 40ರ ದಶಕದ ಸೆಕೆಂಡ್ ಹ್ಯಾಂಡ್ ಷೆವರ್ಲೆ ತಗೊಂಡ್ರು. ಆ ಕಾಲದಲ್ಲಿ ಬಿಳಿ ಹುಡುಗರಲ್ಲಿ ಹಾಟ್ ರಾಡ್ ಹುಚ್ಚು ಜೋರಾಗಿತ್ತು, ಕಾರಿನ ಭಾರ ಇಳಿಸು, ಇಂಜಿನ್ ಜೋರು ಮಾಡು, ರೇಸ್ ಹೊಡಿ. ಇವ್ರು ಅದಕ್ಕೆ ಉಲ್ಟಾ ಹೊಡೆದ್ರು. ಡಿಕ್ಕಿಗೆ ಮರಳು ಮೂಟೆ ಹೇರಿ ಕಾರಿನ ಹಿಂಭಾಗ ತಗ್ಗಿಸಿದ್ರು, ಆಮೇಲೆ ಸ್ಪ್ರಿಂಗೇ ಕತ್ತರಿಸಿದ್ರು, ಪಾಲಿಶ್ ಹೊಡೆದು ಹೊಡೆದು ಕನ್ನಡಿ ಮಾಡಿದ್ರು, ಭಾನುವಾರ ಮೆಲ್ಲಗೆ ಒಂದು ರೌಂಡ್ ಹೊರಟ್ರು.

ಇದು ಬರೀ ಶೋಕಿ ಅಂತ ಅನ್ಸಬಹುದು. ಆದ್ರೆ ಅದೇ ಊರಲ್ಲಿ 1943ರ ಜೂನಲ್ಲಿ ಏನಾಯ್ತು ಅಂತ ನೋಡಿ. ಪಾಚೂಕೊ ಅಂತ ಕರೀತಿದ್ದ ಮೆಕ್ಸಿಕನ್ ಅಮೆರಿಕನ್ ಹುಡುಗರು ಉದ್ದ ಕೋಟು, ದೊಗಲೆ ಪ್ಯಾಂಟಿನ ಝೂಟ್ ಸೂಟ್ ಹಾಕ್ಕೊಂಡು ಓಡಾಡ್ತಿದ್ರು, ನೇವಿ ಹುಡುಗರು ಗುಂಪು ಕಟ್ಕೊಂಡು ಬಂದು ಅವ್ರನ್ನ ಹಿಡಿದು ಹೊಡೆದು ನಡು ಬೀದಿಲಿ ಬಟ್ಟೆ ಬಿಚ್ಚಿಸಿದ್ರು, ಪೊಲೀಸ್ರು ಬಂದು ಜೈಲಿಗೆ ಹಾಕಿದ್ದು ಮಾತ್ರ ಬಹುತೇಕ ಏಟು ತಿಂದೋರನ್ನೇ. ಚೆನ್ನಾಗಿ ಡ್ರೆಸ್ ಮಾಡ್ಕೊಂಡು ಎಲ್ರ ಕಣ್ಣಿಗೆ ಬೀಳೋದೇ ತಪ್ಪಾಗಿದ್ದ ಊರು ಅದು. ಅಂಥ ಊರಲ್ಲಿ ರಸ್ತೆ ಮಧ್ಯೆ ಮಿರಮಿರ ಮಿಂಚೋ ಕಾರಲ್ಲಿ ಕೂತು, ನೋಡೋರು ಪೂರ್ತಿ ನೋಡ್ಲಿ ಅಂತ ನಿಧಾನಕ್ಕೆ ಹೋಗೋದು ಅಂದ್ರೆ ಸುಮ್ನೆ ಅಲ್ಲ.

ಸರ್ಕಾರ ಸುಮ್ನಿರತ್ತಾ? 1958ರ ಜನವರಿ 1ರಿಂದ ಕ್ಯಾಲಿಫೋರ್ನಿಯಾದಲ್ಲಿ ಒಂದು ಕಾನೂನು ಜಾರಿಗೆ ಬಂತು, ವೆಹಿಕಲ್ ಕೋಡಿನ 24008ನೇ ಸೆಕ್ಷನ್ನು. ಚಕ್ರದ ರಿಮ್ಮಿನ ತಳಭಾಗಕ್ಕಿಂತ ಕಾರಿನ ಯಾವ ಭಾಗನೂ ಕೆಳಗೆ ಇರೋಹಾಗೆ ಮಾರ್ಪಾಡು ಮಾಡಂಗಿಲ್ಲ ಅಂತ. ಸ್ಪ್ರಿಂಗ್ ಕತ್ತರಿಸಿದ ಕಾರನ್ನ ಪೊಲೀಸ್ ಬಂದ ತಕ್ಷಣ ಮೇಲೆತ್ತೋಕಾಗತ್ತಾ, ಸೀದಾ ದಂಡದ ಟಿಕೆಟ್ಟು. ಆಗ ರಾನ್ ಅಗೀರೆ ಅನ್ನೋರು ತಮ್ಮ 1957ರ ಕಾರ್ವೆಟ್ ಕಾರಿಗೆ ವಿಮಾನದಲ್ಲಿ ಬಳಸೋ ಹೈಡ್ರಾಲಿಕ್ ಪಂಪು, ವಾಲ್ವು ಕೂರಿಸಿದ್ರು, 1959ರ ಸುಮಾರಿಗೆ. ಸ್ವಿಚ್ ಒತ್ತಿದ್ರೆ ಕಾರು ಮೇಲಕ್ಕೆ, ಕಾನೂನಿಗೆ ಸರಿಯಾದ ಎತ್ತರ. ಪೊಲೀಸ್ ಆ ಕಡೆ ಹೋದ್ರೆ ಇನ್ನೊಂದ್ಸಲ ಒತ್ತು, ಕಾರು ನೆಲಕ್ಕೆ. ಇವತ್ತು ಜಗತ್ತೆಲ್ಲ ಬಾಯಿ ಬಿಟ್ಕೊಂಡು ನೋಡೋ ಆ ಕುಣಿತ ಇದ್ಯಲ್ಲ, ಅದರ ಬೇರು ಒಂದು ಟ್ರಾಫಿಕ್ ಟಿಕೆಟಲ್ಲಿ ಇದೆ. ನಂಗಂತೂ ಇಡೀ ಚರಿತ್ರೆಲಿ ತುಂಬಾ ಖುಷಿ ಕೊಡೋ ಭಾಗ ಇದೇ.

60ರ ದಶಕದಲ್ಲಿ ಚಿಕಾನೊ (ಅಂದ್ರೆ ಮೆಕ್ಸಿಕನ್ ಅಮೆರಿಕನ್) ಅನ್ನೋದು ಬರೀ ಜಾತಿ ಕುಲದ ಹೆಸರಾಗಿ ಉಳೀಲಿಲ್ಲ, ರಾಜಕೀಯವಾಗಿ ಎದ್ದು ನಿಲ್ಲೋರ ಗುರುತಾಯ್ತು. ಕಾರ್ ಕ್ಲಬ್ಬುಗಳು ಬೆಳೆದಿದ್ದೂ ಅದೇ ಹೊತ್ತಲ್ಲಿ, ರುಯೆಲಾಸ್ ಅಣ್ಣತಮ್ಮಂದಿರು ಲಾಸ್ ಏಂಜಲೀಸಲ್ಲಿ 1962ರಲ್ಲಿ ಶುರು ಮಾಡಿದ ಡ್ಯೂಕ್ಸ್ ಕ್ಲಬ್ಬು ಇವತ್ತಿಗೂ ಇದೆ. 1977ರಲ್ಲಿ ಸ್ಯಾನ್ ಹೋಸೆಯಲ್ಲಿ ಲೋರೈಡರ್ ಅನ್ನೋ ಮ್ಯಾಗಜೀನೇ ಶುರುವಾಯ್ತು, ಅದು ಬಂದ್ಮೇಲೆ ಒಂದೂರಿನ ಕಾರು ಇನ್ನೊಂದೂರಿನವರಿಗೆ ಗೊತ್ತಾಗೋಕೆ ಶುರುವಾಯ್ತು, 2019ರ ಕೊನೆವರೆಗೂ ಅದು ಪ್ರಿಂಟಲ್ಲಿ ಬರ್ತಿತ್ತು.

ಎಲ್ಲಿ ಹೋಗ್ಬೇಕು

ಪೂರ್ವ ಲಾಸ್ ಏಂಜಲೀಸಿನ ವಿಟಿಯರ್ ಬುಲೆವಾರ್ಡ್, ಲೋರೈಡರ್ ಮಂದಿಗೆ ಇದೇ ತವರು. ಇದೇ ರಸ್ತೆಲಿ 1970ರ ಆಗಸ್ಟ್ 29ಕ್ಕೆ ವಿಯೆಟ್ನಾಂ ಯುದ್ಧದ ವಿರುದ್ಧ ಚಿಕಾನೊ ಮೊರಟೋರಿಯಂ ಮೆರವಣಿಗೆ ಬಂತು, ಪೊಲೀಸ್ರು ಅದನ್ನ ಚೆದುರಿಸಿದ್ರು, ಪತ್ರಕರ್ತ ರೂಬೆನ್ ಸಲಾಸಾರ್ ಶೆರಿಫ್ ಕಡೆಯವರು ಹಾರಿಸಿದ ಅಶ್ರುವಾಯು ಶೆಲ್ಲು ತಲೆಗೆ ಬಡಿದು ಅಲ್ಲೇ ಒಂದು ಕೆಫೆ ಒಳಗೆ ಸತ್ತೋದ್ರು. 1979ರಲ್ಲಿ ಇಲ್ಲಿ ಕ್ರೂಸಿಂಗನ್ನೇ ನಿಲ್ಲಿಸಿಬಿಟ್ರು. ಹಾಗಾಗಿ ಇವತ್ತು ಅಲ್ಲಿ ಒಂದು ಗುಲಾಬಿ ಬಣ್ಣದ ಷೆವರ್ಲೆ ಇಂಪಾಲಾ ಕಾರು ನಿಧಾನಕ್ಕೆ ಹೋಗ್ತಿದ್ರೆ, ಫುಟ್‌ಪಾತಲ್ಲಿ ನಿಂತಿರೋ ವಯಸ್ಸಾದವರು ಯಾಕೆ ಸುಮ್ನೆ ಕೈ ಎತ್ತುತಾರೆ ಅಂತ ನಿಮಗೆ ಗೊತ್ತಾಗತ್ತೆ.

ಲಾಸ್ ಏಂಜಲೀಸಲ್ಲೇ ಇದ್ರೆ ಭಾನುವಾರ ಮಧ್ಯಾಹ್ನ ಎಲಿಸಿಯನ್ ಪಾರ್ಕ್ ಕಡೆ ಹೋಗಿ, ಫ್ಯಾಮಿಲಿ ಜೊತೆ ಬರೋರೇ ಜಾಸ್ತಿ, ಫಸ್ಟ್ ಟೈಮ್ ನೋಡೋರಿಗೆ ಒಳ್ಳೆ ಜಾಗ. ಸ್ಯಾನ್ ಹೋಸೆ ಕಡೆಯವರಿಗೆ ಸ್ಟೋರಿ ರೋಡು, ಕಿಂಗ್ ರೋಡು ಸೇರೋ ಮೂಲೆ. ಸ್ಯಾನ್ ಡಿಯೇಗೊದಲ್ಲಿ ಏಪ್ರಿಲಲ್ಲಿ ನಡೆಯೋ ಚಿಕಾನೊ ಪಾರ್ಕ್ ಡೇ ಮಾತ್ರ ಮಿಸ್ ಮಾಡ್ಬೇಡಿ, ಯಾಕಂದ್ರೆ ಜಾಗಕ್ಕೇ ಒಂದು ಕಥೆ ಇದೆ: ಬ್ಯಾರಿಯೊ ಲೋಗನ್ ಅನ್ನೋ ಮೆಕ್ಸಿಕನ್ ಬಡಾವಣೆನ ಮೊದಲು ಫ್ರೀವೇ ಸೀಳಿತು, ಆಮೇಲೆ ಕೊರೊನಾಡೊ ಸೇತುವೆ ಕಂಬಗಳು ಮನೆಗಳ ನಡುವೆ ಎದ್ದು ನಿಂತ್ವು, ಸೇತುವೆ ಕೆಳಗಿನ ಜಾಗದಲ್ಲಿ ಪಾರ್ಕ್ ಮಾಡ್ಕೊಡ್ತೀವಿ ಅಂದೋರು ಹೈವೇ ಪೊಲೀಸರ ಸ್ಟೇಷನ್ ಕಟ್ಟೋಕೆ ಬುಲ್ಡೋಜರ್ ತಂದ್ರು. 1970ರ ಏಪ್ರಿಲ್ 22ಕ್ಕೆ ಜನ ನುಗ್ಗಿ ಜಾಗ ಹಿಡ್ಕೊಂಡು ಕೂತ್ರು, ಬಿಡ್ಲೇ ಇಲ್ಲ. ಈಗ ಆ ಕಾಂಕ್ರೀಟ್ ಕಂಬಗಳ ತುಂಬಾ ಚಿತ್ರ, ಕೆಳಗೆ ಸಾಲಾಗಿ ಲೋರೈಡರ್ ಕಾರು.

ನ್ಯೂ ಮೆಕ್ಸಿಕೊದ ಎಸ್ಪನ್ಯೋಲಾ ತನ್ನನ್ನ ಜಗತ್ತಿನ ಲೋರೈಡರ್ ರಾಜಧಾನಿ ಅಂತಾನೇ ಹೇಳ್ಕೊಳತ್ತೆ, ಕ್ಯಾಲಿಫೋರ್ನಿಯಾದವರು ಒಪ್ಪಲ್ಲ, ಈ ಜಗಳದಲ್ಲಿ ನೀವು ತಲೆ ಹಾಕ್ಬೇಡಿ. ಅಲ್ಲಿ ಕಾರುಗಳಲ್ಲಿ ದೈವಭಕ್ತಿ ಜಾಸ್ತಿ ಕಾಣತ್ತೆ, ಪಕ್ಕದ ಚಿಮಾಯೋ ಚರ್ಚಿಗೆ ಗುಡ್ ಫ್ರೈಡೇ ದಿನ ಸಾವಿರಾರು ಜನ ಕಾಲ್ನಡಿಗೆಲಿ ಹೋಗ್ತಾರೆ.

ಹೇಗೆ ನೋಡ್ಬೇಕು

ಮೊದಲು ದೂರದಿಂದ. ಹತ್ರ ಓಡ್ಬೇಡಿ. ಕಾರಿನ ಪಕ್ಕದ ನೋಟ ಪೂರ್ತಿ ಕಣ್ಣಿಗೆ ಬೀಳೋ ಹಾಗೆ ಒಂದಿಪ್ಪತ್ತು ಅಡಿ ದೂರ ನಿಂತ್ಕೊಂಡು ಕಾರು ಹೇಗೆ ಕೂತಿದೆ ಅಂತ ನೋಡಿ. ಹಿಂದಿನ ಚಕ್ರ ಅರ್ಧ ಮುಚ್ಚೋಗಿರತ್ತೆ, ಬಂಪರು ನೆಲ ಮುಟ್ಟೋಕೆ ಎರಡು ಬೆರಳು ಬಾಕಿ. 1958ರಿಂದ 64ರವರೆಗಿನ ಷೆವರ್ಲೆ ಇಂಪಾಲಾ ಅಂದ್ರೆ ಇವ್ರಿಗೆ ಪ್ರಾಣ, ಅದ್ರಲ್ಲೂ 64. ಉದ್ದ ಬಾಡಿ, ಚಪ್ಪಟೆ ಬಾನೆಟ್ಟು ಡಿಕ್ಕಿ, ಪೇಂಟಿಂಗ್ ಮಾಡೋನಿಗೆ ಬೇಕಾದಷ್ಟು ಜಾಗ. ಅದಕ್ಕಿಂತ ಹಳೇದು, ಗುಂಡಗಿರೋ 30, 40ರ ದಶಕದ ಕಾರು ಬಂದ್ರೆ ಅದನ್ನ ಬಾಂಬ್ ಅಂತಾರೆ, ಅದನ್ನ ನೋಡೋ ಕ್ರಮ ಬೇರೆ. ಅದ್ರಲ್ಲಿ ಬಣ್ಣಕ್ಕಿಂತ ಆ ಕಾಲದ ಸಾಮಾನು ಮುಖ್ಯ, ಗಾಜಿನ ಮೇಲಿನ ಲೋಹದ ಸನ್ ವೈಸರು, ಕಿಟಕಿಗೆ ಸಿಕ್ಕಿಸಿರೋ ಕೊಳವೆ ಥರದ ನೀರಿನ ಕೂಲರು, ಫಾಗ್ ಲೈಟು, ಒಂದೊಂದನ್ನೂ ಎಷ್ಟೋ ವರ್ಷ ಹುಡುಕಿ ಹಾಕಿರ್ತಾರೆ. ಬಾಂಬ್ ಓನರುಗಳು ಸಾಮಾನ್ಯವಾಗಿ ವಯಸ್ಸಾದವರು, ಮಾತಿಗೂ ಸಿಗ್ತಾರೆ.

ಆಮೇಲೆ ಚಕ್ರ. 13 ಇಂಚು, ಅಷ್ಟು ದೊಡ್ಡ ಕಾರಿಗೆ ಅಷ್ಟು ಪುಟ್ಟ ಚಕ್ರ, ತೆಳ್ಳಗಿನ ಬಿಳಿ ಪಟ್ಟಿ ಟೈರು, ಒಳಗೆ ಕ್ರೋಮ್ ತಂತಿಯ ಸ್ಪೋಕ್ಸು. ಡೇಟನ್, ಝೆನಿತ್ ಅನ್ನೋ ಹೆಸರು ಕಿವಿಗೆ ಬಿದ್ರೆ ಅದು ಚಕ್ರದ ವಿಷಯ ಅಂತ ತಿಳ್ಕೊಳ್ಳಿ. ಚಕ್ರ ಚಿಕ್ಕದಾದಷ್ಟೂ ಕಾರು ಇನ್ನೂ ತಗ್ಗತ್ತೆ, ಅಷ್ಟೇ ಲೆಕ್ಕ.

ಈಗ ಹತ್ರ ಬನ್ನಿ, ಪೇಂಟ್ ನೋಡೋಕೆ. ಇಲ್ಲಿ ಟೈಮ್ ತಗೊಳ್ಳಿ. ಕ್ಯಾಂಡಿ ಪೇಂಟ್ ಅಂತ ಇದ್ಯಲ್ಲ, ಅದು ಸಾಮಾನ್ಯ ಪೇಂಟ್ ಥರ ಮುಚ್ಚೋ ಬಣ್ಣ ಅಲ್ಲ, ಆರ್ಪಾರ್ ಕಾಣೋ ಬಣ್ಣ. ಕೆಳಗೆ ಬೆಳ್ಳಿ ಇಲ್ಲಾ ಚಿನ್ನದ ಬೇಸ್ ಹೊಡೀತಾರೆ, ಅದರ ಮೇಲೆ ತೆಳು ತೆಳುವಾಗಿ ಕ್ಯಾಂಡಿ ಕೋಟು ಒಂದರ ಮೇಲೊಂದು, ಬಿಸಿಲು ಬಣ್ಣ ದಾಟಿ ಬೇಸಿಗೆ ಬಡಿದು ವಾಪಸ್ ಬರತ್ತೆ, ಅದಕ್ಕೇ ಒಳಗಿಂದ ದೀಪ ಹಚ್ಚಿದಂಗೆ ಕಾಣೋದು. ಒಂದು ಕೋಟು ಜಾಸ್ತಿ ಆದ್ರೂ ಆ ಜಾಗ ಕಪ್ಪಿಟ್ಟು ಕಾಣತ್ತೆ, ಮತ್ತೆ ಟಚಪ್ ಮಾಡೋದೂ ಕಷ್ಟ, ಬಾಗಿಲಿಗೆ ಗೀರು ಬಿದ್ರೆ ಆ ಕಡೆಯೆಲ್ಲ ಹೊಸದಾಗಿ ಹೊಡೀಬೇಕಾಗಬಹುದು. ನೀವು ಬಗ್ಗಿ, ತಲೆ ಆ ಕಡೆ ಈ ಕಡೆ ಮಾಡಿ ನೋಡಿ, ಒಂದು ಕೋನದಲ್ಲಿ ಕೆಂಪು, ಇನ್ನೊಂದ್ರಲ್ಲಿ ಕಂದು. ಒಳಗೆ ಪುಡಿ ಪುಡಿಯಾಗಿ ಹೊಳೆಯೋದು ಮೆಟಲ್ ಫ್ಲೇಕು. ಎಲ್ಲೋ ಕಸೂತಿ ಥರ ಡಿಸೈನ್ ಕಂಡ್ರೆ ಅದು ನಿಜವಾದ ಲೇಸ್ ಬಟ್ಟೆನೇ ಬಾಡಿ ಮೇಲೆ ಹಾಸಿ ಅದರ ಮೇಲೆ ಸ್ಪ್ರೇ ಹೊಡೆದು ಎತ್ತಿರೋದು. ಕೂದಲೆಳೆ ಗೆರೆಗಳು ಪಿನ್ ಸ್ಟ್ರೈಪಿಂಗು, ಉದ್ದ ರೋಮದ ಬ್ರಷ್ಷಲ್ಲಿ ಕೈಲೇ ಎಳೆಯೋದು, ಗೆರೆ ಶುರುವಾಗೋ ತುದಿ ಮುಗಿಯೋ ತುದಿ ನೋಡಿದ್ರೆ ಕೈ ಎಷ್ಟು ಪಳಗಿದೆ ಅಂತ ಗೊತ್ತಾಗತ್ತೆ.

ಚಿತ್ರಗಳು ಸಾಮಾನ್ಯವಾಗಿ ಬಾನೆಟ್ಟಲ್ಲಿ, ಡಿಕ್ಕಿ ಮುಚ್ಚಳದಲ್ಲಿ. ಗ್ವಾದಲೂಪೆ ಮಾತೆ (ಮೆಕ್ಸಿಕೊದವರು ಪೂಜಿಸೋ ಮೇರಿ ಮಾತೆ), ಆಸ್ಟೆಕ್ ಯೋಧ ಸತ್ತ ರಾಜಕುಮಾರಿನ ಎತ್ಕೊಂಡಿರೋದು (ಪೊಪೊಕಟೆಪೆಟ್ಲ್, ಇಸ್ತಾಕ್ಸಿವಾಟ್ಲ್ ಅನ್ನೋ ಎರಡು ಬೆಟ್ಟಗಳ ಕಥೆ ಅದು, ಮೆಕ್ಸಿಕೊದಲ್ಲಿ ಮಕ್ಕಳಿಗೂ ಗೊತ್ತು), ಹೊಲದಲ್ಲಿ ದುಡಿಯೋರು, ಪಾಚೂಕೊ ಜೋಡಿ. ಯಾರ್ದಾದ್ರೂ ಮುಖ, ಕೆಳಗೆ ಎರಡು ಇಸವಿ ಇದ್ರೆ ಅದು ತೀರ್ಕೊಂಡ ಅಣ್ಣನೋ ಅಮ್ಮನೋ ಮಗನೋ. ಅಲ್ಲಿ ನಿಂತು ಸೆಲ್ಫಿಗೆ ಹಲ್ಲು ಕಿರೀಬೇಡಿ ದಯವಿಟ್ಟು.

ಎರಡು ಕಾರಿನ ಬಗ್ಗೆ ಹೇಳ್ಲೇಬೇಕು. ಒಂದು ಜಿಪ್ಸಿ ರೋಸ್. ಪೂರ್ವ ಲಾಸ್ ಏಂಜಲೀಸಿನ ಇಂಪೀರಿಯಲ್ಸ್ ಕ್ಲಬ್ಬಿನ ಜೆಸ್ಸಿ ವಲಾದೆಸ್ ಅವರ 1964ರ ಇಂಪಾಲಾ, ಗುಲಾಬಿ ಬಣ್ಣ, ಮೈತುಂಬಾ ಕೈಲಿ ಬರೆದ ಗುಲಾಬಿ ಹೂವು, ಬರೆದಿದ್ದು ವಾಲ್ಟ್ ಪ್ರೇ. ಒಳಗೆ ತೂಗುದೀಪ ಬೇರೆ. ಇದಕ್ಕೆ ಮುಂಚೆ ಅದೇ ಹೆಸರಿನ 1963ರ ಇಂಪಾಲಾ ಇತ್ತು, ಅದನ್ನ ಯಾರೋ ಇಟ್ಟಿಗೆ ಎಸೆದು ಹಾಳು ಮಾಡಿದ್ರು, ಮನುಷ್ಯ ಬಿಡ್ಲಿಲ್ಲ, ಇನ್ನೊಂದು ಮಾಡಿದ್ರು. 1974ರಲ್ಲಿ ಟಿವಿ ಸೀರಿಯಲ್ಲೊಂದರ ಟೈಟಲಲ್ಲಿ ಈ ಕಾರು ವಿಟಿಯರ್ ಬುಲೆವಾರ್ಡಲ್ಲಿ ಹೋಗೋದನ್ನ ಅಮೆರಿಕಾ ಪೂರ್ತಿ ನೋಡ್ತು. ವಲಾದೆಸ್ 2011ರಲ್ಲಿ ತೀರ್ಕೊಂಡ್ರು, 2017ರಲ್ಲಿ ಅವರ ಕಾರನ್ನ ವಾಷಿಂಗ್ಟನ್ನಿನ ನ್ಯಾಷನಲ್ ಮಾಲಲ್ಲಿ ಗಾಜಿನ ಪೆಟ್ಟಿಗೆ ಒಳಗಿಟ್ಟು ಪ್ರದರ್ಶನ ಮಾಡಿದ್ರು, ದೇಶದ ಐತಿಹಾಸಿಕ ವಾಹನಗಳ ಪಟ್ಟಿಗೂ ಸೇರಿಸಿದ್ರು. ಟಿಕೆಟ್ ಹಾಕಿಸ್ಕೊಳ್ತಿದ್ದ ಜಾತಿಯ ಕಾರು ಪಾರ್ಲಿಮೆಂಟ್ ಕಟ್ಟಡದ ಎದುರು.

ಇನ್ನೊಂದು ಡೇವ್ಸ್ ಡ್ರೀಮ್. ಚಿಮಾಯೋದ ಡೇವಿಡ್ ಹರಮೀಯೊ ಅನ್ನೋರು 1969ರ ಫೋರ್ಡ್ ಎಲ್‌ಟಿಡಿ ಇಟ್ಕೊಂಡು ಶುರು ಮಾಡಿದ್ರು, 1978ರಲ್ಲಿ ಆಕ್ಸಿಡೆಂಟಲ್ಲಿ ತೀರ್ಕೊಂಡ್ರು, ಮನೆಯವರು ಸೇರಿ ಆ ಕಾರನ್ನ ಮುಗಿಸಿದ್ರು. ಈಗ ಅದು ಸ್ಮಿತ್ಸೋನಿಯನ್ ಮ್ಯೂಸಿಯಮ್ಮಿನ ಸಂಗ್ರಹದಲ್ಲಿದೆ. ಲೋರೈಡರ್ ಅಂದ್ರೆ ಒಬ್ಬನ ಹವ್ಯಾಸ ಅಂತ ಯಾರಾದ್ರೂ ಅಂದ್ರೆ ನಾನು ಈ ಕಾರಿನ ಕಥೆ ಹೇಳ್ತೀನಿ.

ಪೇಂಟ್ ಆದ್ಮೇಲೆ ಕಿಟಕಿಯಿಂದ ಒಳಗೆ ಒಂದು ಕಣ್ಣು, ಕೈ ಊರದೆ. ವೆಲ್ವೆಟ್ ಸೀಟಿಗೆ ಬಟನ್ ಹೊಡೆದು ಉಬ್ಬು ತಗ್ಗು ಮಾಡಿರ್ತಾರೆ, ಕೆಲವು ಸ್ಟೇರಿಂಗ್ ಚೈನ್ ಬೆಸುಗೆ ಹಾಕಿ ಮಾಡಿರೋದು. ಹಿಂದಿನ ಗಾಜಿನ ಹತ್ರ ಒಂದು ಲೋಹದ ಫಲಕ ನಿಂತಿರತ್ತೆ, ಅದರ ಮೇಲೆ ಕ್ಲಬ್ಬಿನ ಹೆಸರು, ಅದನ್ನ ಪ್ಲಾಕ್ ಅಂತಾರೆ. ನೋಡೋಕೆ ಸಣ್ಣದು, ಬೆಲೆ ಮಾತ್ರ ಕಾರಿಗಿಂತ ಕಮ್ಮಿ ಅಲ್ಲ. ದುಡ್ಡು ಕೊಟ್ರೆ ಸಿಗಲ್ಲ, ಕ್ಲಬ್ಬಿನೋರು ನಿಮ್ಮನ್ನೂ ನಿಮ್ಮ ಕಾರನ್ನೂ ನೋಡಿ, ಮೀಟಿಂಗಿಗೆ ಬರ್ತೀರಾ, ಮಕ್ಕಳಿಗೆ ಆಟಿಕೆ ಹಂಚೋಕೆ, ಯಾರದೋ ಅಂತ್ಯಕ್ರಿಯೆ ಖರ್ಚಿಗೆ ಕಾರ್ ವಾಶ್ ಮಾಡಿ ದುಡ್ಡು ಎತ್ತೋಕೆ ಕೈ ಜೋಡಿಸ್ತೀರಾ ಅಂತೆಲ್ಲ ನೋಡಿದ್ಮೇಲೇ ಕೊಡೋದು. ಕ್ಲಬ್ ಬಿಟ್ರೆ ವಾಪಸ್ ಕೊಡ್ಬೇಕು.

ಕೊನೆಗೆ ಡಿಕ್ಕಿ. ಶೋ ಇದ್ರೆ ತೆರೆದೇ ಇಟ್ಟಿರ್ತಾರೆ. ಒಳಗೆ ಸಾಲಾಗಿ ಬ್ಯಾಟರಿ, ಕ್ರೋಮ್ ಮಾಡಿರೋ ಪಂಪು, ಬಾಗಿಸಿದ ಪೈಪು. ಕೆಲಸ ಮಾಡೋದು ಸಿಂಪಲ್ಲು: ಸ್ವಿಚ್ ಒತ್ತಿದ್ರೆ ಮೋಟರು ಪಂಪ್ ತಿರುಗಿಸತ್ತೆ, ಆಯಿಲ್ಲು ಒತ್ತಡದಲ್ಲಿ ಹೋಸ್ ಪೈಪಿಂದ ಚಕ್ರದ ಹತ್ರ ಇರೋ ಸಿಲಿಂಡರಿಗೆ ಹೋಗತ್ತೆ, ಸಿಲಿಂಡರ್ ಚಾಚತ್ತೆ, ಆ ಮೂಲೆ ಮೇಲೇಳತ್ತೆ. ಇಳಿಸೋಕೆ ಡಂಪ್ ವಾಲ್ವ್ ತೆರೆದ್ರೆ ಸಾಕು, ಕಾರಿನ ಭಾರಕ್ಕೇ ಆಯಿಲ್ಲು ಟ್ಯಾಂಕಿಗೆ ವಾಪಸ್. ಬರೀ ಎತ್ತಿ ಇಳಿಸೋಕೆ ಮೂರ್ನಾಲ್ಕು ಬ್ಯಾಟರಿ ಸಾಕು, ಕುಪ್ಪಳಿಸೋ ಕಾರಿಗೆ ಹತ್ತರ ಮೇಲೂ ಇರ್ತವೆ, ಎಲ್ಲ ಸೀರೀಸಲ್ಲಿ. ಈ ಹೊಡೆತಕ್ಕೆ ಹಳೇ ಫ್ರೇಮು ಬಿರುಕು ಬಿಡತ್ತೆ ಅಂತ ಕೆಳಗೆಲ್ಲ ಉಕ್ಕಿನ ಪ್ಲೇಟ್ ಸುತ್ತಿ ವೆಲ್ಡ್ ಮಾಡಿರ್ತಾರೆ, ಸಾಧ್ಯ ಆದ್ರೆ ಬಗ್ಗಿ ಅದನ್ನೂ ನೋಡಿ, ಯಾರೂ ಹೊಗಳದೆ ಇರೋ ಕೆಲಸ ಅದು. ಈಗ ಹೈಡ್ರಾಲಿಕ್ಸ್ ಬದಲು ಗಾಳಿ ತುಂಬಿ ಕಾರು ಎತ್ತೋ ಏರ್ ಬ್ಯಾಗ್ ಹಾಕೋರೂ ಇದ್ದಾರೆ. ವ್ಯತ್ಯಾಸ ಕಿವಿಲೇ ಗೊತ್ತಾಗತ್ತೆ, ಇಳಿಯುವಾಗ ಬುಸ್ ಅಂತ ಗಾಳಿ ಬಿಟ್ರೆ ಏರ್ ಬ್ಯಾಗು, ಏರುವಾಗ ಝುಂಯ್ ಅಂತ ಮೋಟರ್ ಕಿರುಚಿದ್ರೆ ಹೈಡ್ರಾಲಿಕ್ಸು. ಹಳೇ ಮಂದಿ ಏರ್ ಬ್ಯಾಗ್ ಅಂದ್ರೆ ಮೂಗು ಮುರೀತಾರೆ.

ಕುಪ್ಪಳಿಸೋ ಸ್ಪರ್ಧೆ ನೋಡ್ತಿದ್ರೆ ಕಾರಿನ ಮುಂದೂ ನಿಲ್ಬೇಡಿ ಹಿಂದೂ ನಿಲ್ಬೇಡಿ. ಹೋಸ್ ಒಡೆದ್ರೆ ಬಿಸಿ ಆಯಿಲ್ಲು ಎರಚತ್ತೆ, ಬ್ಯಾಟರಿ ಒಡೆಯೋದೂ ಉಂಟು, ಸ್ವಿಚ್ ಹಿಡಿದವನೇ ದೂರದಲ್ಲಿ ಉದ್ದ ವೈರ್ ಇಟ್ಕೊಂಡು ನಿಂತಿರ್ತಾನೆ ಅಂದ್ಮೇಲೆ ನಿಮಗ್ಯಾಕೆ ಹೀರೋಗಿರಿ.

ಮಾತಾಡ್ಸೋದು

ಮುಟ್ಬೇಡಿ. ಒರಗ್ಬೇಡಿ. ಬೆಲ್ಟ್ ಬಕಲ್ಲು, ಬ್ಯಾಗಿನ ಜಿಪ್ಪು, ಮಗು ಕೈಲಿರೋ ಆಟಿಕೆ, ಇವೆಲ್ಲ ಆ ಪೇಂಟಿಗೆ ಯಮ. ಫೋಟೋಗೆ ಸಾಮಾನ್ಯವಾಗಿ ಯಾರೂ ಬೇಡ ಅನ್ನಲ್ಲ, ಆದ್ರೂ ಕೇಳಿ, ಕೇಳಿದ್ರೆ ಬಾನೆಟ್ ಎತ್ತಿ ತೋರಿಸ್ತಾರೆ. ಎಷ್ಟು ಖರ್ಚಾಯ್ತು ಅನ್ನೋದು ನಮ್ಮ ಬಾಯಿಗೆ ಫಸ್ಟ್ ಬರೋ ಪ್ರಶ್ನೆ, ಅದನ್ನ ನುಂಗ್ಕೊಳ್ಳಿ. ಪೇಂಟ್ ಯಾರ್ದು ಅಂತ ಕೇಳಿ, ಮುಂಚೆ ಯಾರ ಹತ್ರ ಇತ್ತು ಈ ಕಾರು ಅಂತ ಕೇಳಿ, ಅಪ್ಪನದ್ದು ಅಂತ ಶುರುವಾದ್ರೆ ಅರ್ಧ ಗಂಟೆ ಗ್ಯಾರಂಟಿ. ಬರದ ಸ್ಪ್ಯಾನಿಶ್ ಹೊಡೆದು ಇಂಪ್ರೆಸ್ ಮಾಡೋಕೆ ಹೋಗ್ಬೇಡಿ, ಎಷ್ಟೋ ಜನಕ್ಕೆ ಇಂಗ್ಲಿಷೇ ಮನೆಮಾತು. ಓನರ್ ಹೆಂಗಸಾಗಿದ್ರೆ "ಗಂಡನ ಕಾರಾ" ಅಂತ ಕೇಳೋ ತಪ್ಪು ಮಾಡ್ಬೇಡಿ, ಹೆಂಗಸರದ್ದೇ ಕ್ಲಬ್ಬುಗಳಿವೆ, ವೆಲ್ಡಿಂಗ್ ಅವರೇ ಮಾಡಿರಬಹುದು.

ಗ್ಯಾಂಗ್ ಅನ್ನೋ ಪದ ಮಾತ್ರ ಬಾಯಿಗೇ ತರ್ಬೇಡಿ. ಸಿನಿಮಾ, ಟಿವಿ, ಪೊಲೀಸ್ ಸೇರಿ ಇವ್ರ ಮೇಲೆ ಅಂಟಿಸಿದ ಹಣೆಪಟ್ಟಿ ಅದು. ಅದರ ಆಧಾರದ ಮೇಲೇ 80, 90ರ ದಶಕದಲ್ಲಿ ಕ್ಯಾಲಿಫೋರ್ನಿಯಾದ ಊರೂರಲ್ಲಿ ಕ್ರೂಸಿಂಗ್ ನಿಷೇಧ ಬಂತು, ಒಂದೇ ಜಾಗವನ್ನ ಇಷ್ಟು ಹೊತ್ತಲ್ಲಿ ಇಷ್ಟು ಸಲ ದಾಟಿದ್ರೆ ದಂಡ ಅಂತ ಬೋರ್ಡೇ ನಿಲ್ಲಿಸಿದ್ರು. ಸ್ಯಾನ್ ಡಿಯೇಗೊ ಪಕ್ಕದ ನ್ಯಾಷನಲ್ ಸಿಟಿಲಿ 1992ರ ನಿಷೇಧ ತೆಗೆಸೋಕೆ 2023ರವರೆಗೂ ಕ್ಲಬ್ಬುಗಳು ಕೌನ್ಸಿಲ್ ಮೀಟಿಂಗಿಗೆ ಅಲೀಬೇಕಾಯ್ತು. ಅದೇ ವರ್ಷ ಅಕ್ಟೋಬರಲ್ಲಿ ಎಬಿ 436 ಅನ್ನೋ ಮಸೂದೆಗೆ ಗವರ್ನರ್ ಸಹಿ ಬಿತ್ತು, 2024ರ ಜನವರಿ 1ರಿಂದ ರಾಜ್ಯದಲ್ಲಿ ಎಲ್ಲೂ ಕ್ರೂಸಿಂಗ್ ನಿಷೇಧ ಮಾಡಂಗಿಲ್ಲ, ಆ 1958ರ ಎತ್ತರದ ನಿರ್ಬಂಧನೂ ಹೋಯ್ತು. ಅಂದ್ರೆ ಹೈಡ್ರಾಲಿಕ್ಸ್ ಹುಟ್ಟೋಕೆ ಕಾರಣ ಆದ ಕಾನೂನು ಸತ್ತಿದೆ, ಹೈಡ್ರಾಲಿಕ್ಸ್ ಮಾತ್ರ ಬದುಕಿದೆ. ಟ್ರಾಫಿಕ್ ರೂಲ್ಸು, ಸೌಂಡಿನ ರೂಲ್ಸು ಹಾಗೇ ಇವೆ, ಪೊಲೀಸ್ ಕಾರೂ ಇರತ್ತೆ, ಹಾಗಾಗಿ ಫೋಟೋ ಹುಚ್ಚಲ್ಲಿ ರಸ್ತೆಗಿಳೀಬೇಡಿ.

ನಂಗೂ ಒಂದು ಮಾಡ್ಬೇಕು ಅಂತ ಆಸೆ ಬಂದ್ರೆ ಕಾರು ಹುಡುಕೋಕೆ ಹೊರಡ್ಬೇಡಿ, ಅಲ್ಲಿ ಮಕ್ಕಳು ಶುರು ಮಾಡೋದು ಸೈಕಲ್ಲಿಂದ. 1963ರಲ್ಲಿ ಬಂದ ಶ್ವಿನ್ ಸ್ಟಿಂಗ್‌ರೇ ಥರದ ಫ್ರೇಮು, ಬಾಳೆಹಣ್ಣಿನ ಆಕಾರದ ಸೀಟು, ತಿರುಚಿದ ಕ್ರೋಮ್ ರಾಡು, ಒತ್ತೊತ್ತಾಗಿ ಸ್ಪೋಕ್ಸ್ ಇರೋ ಚಕ್ರ, ಇದಕ್ಕೂ ಕ್ಯಾಂಡಿ ಪೇಂಟೇ, ಶೋಗಳಲ್ಲಿ ಇದಕ್ಕೂ ಬೇರೆ ಬಹುಮಾನ. ಮೊದಲು ಒಂದು ಹಳೇ ಮಡ್‌ಗಾರ್ಡ್ ತಗೊಂಡು ಬೆಳ್ಳಿ ಬೇಸ್ ಹೊಡೆದು ಅದರ ಮೇಲೆ ಕ್ಯಾಂಡಿ ಕೋಟ್ ಸಮವಾಗಿ ಹೊಡೆಯೋಕೆ ಬರತ್ತಾ ನೋಡಿ, ಮಾಸ್ಕ್ ಹಾಕ್ಕೊಂಡು, ಗಾಳಿ ಆಡೋ ಜಾಗದಲ್ಲಿ. ಬಂತು ಅಂದ್ರೆ ಫ್ರೇಮಿಗೆ ಹೋಗಿ.